ನಿಮಗಿದು ಗೊತ್ತೆ? ರಾಯರ ದಂಡು, ಸೂರ್ಯಕಾಂತಿ ಹೊಲ

ಚಾಮರಾಜನಗರ–ಮಂಡ್ಯ ಗಡಿಯಲ್ಲಿ ಕಾವೇರಿ ಎರಡು ಕವಲಾಗಿ ಬಳಸುವ ಶಿವನಸಮುದ್ರ, 500 ವರ್ಷದ ಹಿಂದೆ ಉಮ್ಮತ್ತೂರು ಪಾಳೆಯಗಾರ ಗಂಗರಾಜನ ದ್ವೀಪಕೋಟೆ. 1509ರಲ್ಲಿ ಪಟ್ಟಕ್ಕೆ ಬಂದ ಕೃಷ್ಣದೇವರಾಯ ಮೊದಮೊದಲು ದಂಡೆತ್ತಿದ್ದೇ ಇವನ ಮೇಲೆ. ಸೋತ ಗಂಗರಾಜ ಹೊಳೆಯಲ್ಲಿ ಮುಳುಗಿ ಸತ್ತನೆಂಬುದು ಪ್ರತೀತಿ. ಪಟ್ಟಣ ಹೋಯಿತು, ರಂಗನಾಥ, ಸೋಮೇಶ್ವರರ ಗುಡಿಗಳು ಉಳಿದವು.

ಗಾಜನೂರಿನ ರಾಜ್‌ಕುಮಾರ್ 1970ರಲ್ಲಿ ನಿರ್ದೇಶಕ ಪಂತುಲು ಅವರ ಚಿತ್ರದಲ್ಲಿ ಕೃಷ್ಣದೇವರಾಯರಾದರು. ಈ ದ್ವೀಪದ ಕಥೆಯನ್ನೇ ಯಾರಾದರೂ ಸಿನಿಮಾ ಮಾಡುವುದಾದರೆ ಒಂದು ಕಿವಿಮಾತು: ಚೆಂದ ಕಾಣುತ್ತದೆಂದು ಗುಂಡ್ಲುಪೇಟೆಯ ಸೂರ್ಯಕಾಂತಿ ಹೊಲದಲ್ಲಿ ರಾಯರ ಕುದುರೆ ಓಡಿಸಬೇಡಿ! ಸೂರ್ಯಕಾಂತಿಯ ತವರು ಉತ್ತರ ಅಮೆರಿಕ. ನಮ್ಮಲ್ಲಿ ಎಣ್ಣೆಕಾಳಿನ ಬೆಳೆಯಾಗಿ ಹಬ್ಬಿದ್ದು 1970ರ ದಶಕದಿಂದೀಚೆಗೆ. ಪಕ್ಕದ ಹೊಲದ ಚೆಂಡುಹೂವೂ ಮೆಕ್ಸಿಕೊ ಕಡೆಯದು, ಗೆದ್ದ ರಾಯರ ಕೊರಳಿಗೆ ಅದರ ಹಾರ ಸಲ್ಲದು. ಅರಮನೆ ಅಡುಗೆಮನೆಯಲ್ಲಿ ಒಣಮೆಣಸಿನಕಾಯಿ ರಾಶಿಯೂ ಬೇಡ; ಆಗಿನ ಖಾರ ಕಾಳುಮೆಣಸಿನದು.

ಹೀಗೆ ಕಾಲಗಳನ್ನು ಬೆರೆಸುವುದರಲ್ಲಿ ಹಾಲಿವುಡ್ಡೂ ಹಿಂದೆ ಬಿದ್ದಿಲ್ಲ. ಈಸ್ಟರ್ ದ್ವೀಪದ ಬಗೆಗಿನ 1994ರ ‘ರಾಪಾ ನುಯಿ’ ಚಿತ್ರ, ಬೇರೆಬೇರೆ ಕಾಲದ ಕಲ್ಲುಮೂರ್ತಿ ಕೆತ್ತನೆ ಮತ್ತು ಹಕ್ಕಿಮಾನವ ಸ್ಪರ್ಧೆಯನ್ನು ಒಂದೇ ತಲೆಮಾರಿಗೆ ತುರುಕಿತ್ತು.