ಕೇಡನ್ನು ಮುಂಗಾಣುವ, ಕೇಡನ್ನು ಕಳೆಯುವ ವಿದ್ಯೆ

ಬರಲಿರುವ ಆಪತ್ತನ್ನು ಮೊದಲೇ ಅರಿಯುವುದು, ಅರಿತ ಮೇಲೆ ಅದು ಬಾರದಂತೆ ತಡೆಯುವುದು. ಈ ಎರಡನ್ನೂ ಒಂದೇ ಶಾಸ್ತ್ರವಾಗಿ ಕಟ್ಟಿ, ಬರೆದಿಟ್ಟು, ಅದಕ್ಕೆಂದೇ ಆಸ್ಥಾನದಲ್ಲಿ ಪಂಡಿತರನ್ನು ಪೋಷಿಸಿದ ನಾಡು ಪ್ರಾಚೀನ ಮೆಸೊಪೊಟೇಮಿಯ, ಅಂದರೆ ಇಂದಿನ ಇರಾಕ್. ಕ್ರಿ.ಪೂ. 7ನೇ ಶತಮಾನದಲ್ಲಿ ಅಸೀರಿಯದ ದೊರೆಗಳಾದ ಎಸರ್‌ಹದ್ದೋನ್ ಮತ್ತು ಅವನ ಮಗ ಅಶುರ್ಬಾನಿಪಾಲನ ಕಾಲಕ್ಕೆ ಈ ವಿದ್ಯೆ ಉತ್ತುಂಗದಲ್ಲಿತ್ತು. ಅವರ ರಾಜಧಾನಿ ನಿನೆವೆಯ ಅವಶೇಷಗಳು ಮೋಸುಲ್ ನಗರದ ಬಳಿ ಇವೆ. 19ನೇ ಶತಮಾನದ ನಡುವಿನಲ್ಲಿ ಅಲ್ಲಿ ಅಗೆದಾಗ ಸಿಕ್ಕ ಬೆಣೆಲಿಪಿಯ ಸಾವಿರಾರು ಮಣ್ಣಿನ ಫಲಕಗಳು ಈಗ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿವೆ. ಈ ಶಾಸ್ತ್ರದ ಬಗ್ಗೆ ತಿಳಿದಿರುವ ಬಹುಪಾಲು ಅವುಗಳಿಂದಲೇ ತಿಳಿದದ್ದು.

ಗ್ರಂಥಗಳು, ಪಂಡಿತರು

ಆಕಾಶದ ಶಕುನಗಳಿಗೆ 'ಎನೂಮ ಅನು ಎನ್ಲಿಲ್' ಎಂಬ ಸುಮಾರು 70 ಫಲಕಗಳ ಸಂಗ್ರಹವಿತ್ತು. ಚಂದ್ರ, ಸೂರ್ಯ, ಗ್ರಹ, ಗುಡುಗು, ಮಳೆ ಎಲ್ಲವೂ ಅದರಲ್ಲಿವೆ. ನೆಲದ ಮೇಲಿನ ಶಕುನಗಳಿಗೆ 'ಶುಮ್ಮ ಆಲು' ಎಂಬ, ನೂರಕ್ಕೂ ಹೆಚ್ಚು ಫಲಕಗಳ ಇನ್ನೊಂದು ಗ್ರಂಥ. ಊರು ಕಟ್ಟುವ ಜಾಗ, ಮನೆಯೊಳಗೆ ಬಂದ ಹಾವು, ಮೈಮೇಲೆ ಬಿದ್ದ ಹಲ್ಲಿ, ನಾಯಿಯ ನಡತೆ ಇವೆಲ್ಲ ಅದರ ವಿಷಯ. ವಿಕಾರವಾಗಿ ಹುಟ್ಟಿದ ಮರಿಗಳ ಫಲ ಹೇಳುವ 'ಶುಮ್ಮ ಇಜ್ಬು' 24 ಫಲಕಗಳದು. ಇಂಥದ್ದು ಕಂಡರೆ ಇಂಥದ್ದು ಆಗುತ್ತದೆ ಎಂಬುದೇ ಎಲ್ಲದರಲ್ಲೂ ವಾಕ್ಯದ ಕ್ರಮ.

ವಿದ್ಯೆಯ ಕೆಲಸವೂ ಹಂಚಿಕೆಯಾಗಿತ್ತು. ಆಕಾಶ ನೋಡಿ ದೊರೆಗೆ ವರದಿ ಬರೆಯುವವನು ಟುಪ್ಶರ್ರು. ಕುರಿ ಬಲಿಕೊಟ್ಟು, ಅದರ ಈಲಿಯ ಗುರುತುಗಳಲ್ಲಿ ದೇವರ ಉತ್ತರ ಓದುವವನು ಬಾರು. ಈಲಿಯನ್ನು ಕಲಿಯಲು ಮಣ್ಣಿನ ಮಾದರಿಗಳೂ ಇದ್ದವು. ಪರಿಹಾರದ ಕರ್ಮ ನಡೆಸುವವನು ಆಶಿಪು. ಗ್ರಹಣ ಹಿಡಿದಾಗ ಕಂಚಿನ ನಗಾರಿ ಬಾರಿಸಿ ಶೋಕಗೀತೆ ಹಾಡಿ ದೇವರ ಕೋಪ ತಣಿಸುವವನು ಕಾಲು.

ಪರಿಹಾರದ ಕ್ರಮ

ಶಕುನವೆಂದರೆ ದೇವರು ಕಳಿಸಿದ ಎಚ್ಚರಿಕೆ, ಕೊನೆಯ ತೀರ್ಪಲ್ಲ ಎಂಬುದು ಈ ಶಾಸ್ತ್ರದ ಅಡಿಪಾಯ. ತೀರ್ಪಾಗಿಲ್ಲದ ಮೇಲೆ ಮೇಲ್ಮನವಿಗೆ ಎಡೆಯುಂಟು. ಆ ಮನವಿಯ ಕರ್ಮಕ್ಕೆ ನಂಬುರ್ಬಿ ಎಂದು ಹೆಸರು. ಅದು ನಡೆಯುತ್ತಿದ್ದುದು ನ್ಯಾಯದ ಅಧಿದೇವತೆಯಾದ ಸೂರ್ಯ, ಅಂದರೆ ಶಮಾಶನ ಎದುರು. ದೋಷ ತಟ್ಟಿದ ಮನುಷ್ಯ ಒಂದು ಕಡೆ, ಶಕುನ ತಂದ ಪ್ರಾಣಿ ಇನ್ನೊಂದು ಕಡೆ, ಇಬ್ಬರೂ ವಾದಿ ಪ್ರತಿವಾದಿಗಳು.

ಮನುಷ್ಯನ ಮೇಲೆ ನಾಯಿ ಉಚ್ಚೆ ಹೊಯ್ದರೆ ಮಾಡುವ ನಂಬುರ್ಬಿಯ ವಿವರ ಉಳಿದು ಬಂದಿದೆ. ಮೊದಲು ಜೇಡಿಮಣ್ಣಿನಲ್ಲಿ ನಾಯಿಯ ಗೊಂಬೆ ಮಾಡಬೇಕು. ಅದರ ಕೊರಳಿಗೆ ದೇವದಾರಿನ ಚೂರು ಇಟ್ಟು, ತಲೆಗೆ ಎಣ್ಣೆ ಹಾಕಬೇಕು. ನದಿಯ ದಡದಲ್ಲಿ ಶಮಾಶನಿಗೆ ನೈವೇದ್ಯವಿಟ್ಟು, ದೋಷವನ್ನು ಗೊಂಬೆಗೆ ದಾಟಿಸಿ, ಅದನ್ನು ನದಿಗೆ ಬಿಡಬೇಕು. ಕೆಲವು ನಂಬುರ್ಬಿಗಳಲ್ಲಿ ಕರ್ಮ ಮುಗಿಸಿದವನು ಬಂದ ದಾರಿಯಲ್ಲಿ ಮರಳಬಾರದು. ನೆಟ್ಟಗೆ ಮನೆಗೂ ಹೋಗಬಾರದು, ಹೆಂಡದಂಗಡಿ ಹೊಕ್ಕು ಹೋಗಬೇಕು.

ಬದಲಿ ದೊರೆ

ದೊರೆಗೇ ಸಾವು ಸೂಚಿಸುವ ಚಂದ್ರಗ್ರಹಣಕ್ಕೆ ಇಷ್ಟು ಸಾಲದು. ಚಂದ್ರಬಿಂಬವನ್ನು ನಾಲ್ಕು ಭಾಗ ಮಾಡಿ ಒಂದೊಂದು ಭಾಗಕ್ಕೆ ಒಂದೊಂದು ದೇಶವನ್ನು ಹೊಂದಿಸಿದ್ದರು. ಯಾವ ಭಾಗ ಕಪ್ಪಾಯಿತೋ ಆ ದೇಶದ ಅರಸನಿಗೆ ಕೇಡು. ಗ್ರಹಣದ ಹೊತ್ತಿನಲ್ಲಿ ಗುರುಗ್ರಹ ಕಾಣುತ್ತಿದ್ದರೆ ದೊರೆಗೆ ಭಯವಿಲ್ಲ. ಕಾಣದಿದ್ದರೆ ಸೆರೆಯಾಳನ್ನೋ ಸಾಮಾನ್ಯನೊಬ್ಬನನ್ನೋ ಹೆಚ್ಚೆಂದರೆ 100 ದಿನದ ಮಟ್ಟಿಗೆ ಸಿಂಹಾಸನದ ಮೇಲೆ ಕೂರಿಸುತ್ತಿದ್ದರು. ಅವನ ಪಕ್ಕಕ್ಕೆ ಒಬ್ಬ ರಾಣಿ. ನಿಜವಾದ ದೊರೆ ಮರೆಯಲ್ಲಿದ್ದು ಆಡಳಿತ ನಡೆಸುತ್ತಿದ್ದ. ಆ ದಿನಗಳಲ್ಲಿ ಪಂಡಿತರು ಅವನಿಗೆ ಬರೆದ ಓಲೆಗಳಲ್ಲಿ ಅವನನ್ನು 'ಒಕ್ಕಲಿಗ' ಎಂದೇ ಸಂಬೋಧಿಸಿದ್ದಾರೆ. ಅವಧಿ ತೀರಿದ ಮೇಲೆ ಬದಲಿಯನ್ನು ಕೊಲ್ಲುತ್ತಿದ್ದರು, ರಾಜಮರ್ಯಾದೆಯಿಂದ ಹೂಳುತ್ತಿದ್ದರು. ಎಸರ್‌ಹದ್ದೋನನ ಕಾಲದಲ್ಲಿ ದಂಕಿ ಎಂಬವನು ಹೀಗೆ ಸತ್ತ. ಅವನು ಅಕ್ಕಾಡ್ ನಗರದ ದೇವಾಲಯದ ಅಧಿಕಾರಿಯ ಮಗ, ಸೆರೆಯಾಳಲ್ಲ. ಅವನ ಸಾವಿನಿಂದ ಅಲ್ಲಿನ ಜನ ಹೆದರಿದರೆಂದು ದೊರೆಗೆ ಬರೆದ ಪತ್ರವಿದೆ.

ಉಪಾಯ ತಿರುಗುಬಾಣವಾದ ಕಥೆಯೂ ಒಂದು ಚರಿತ್ರೆಯ ಫಲಕದಲ್ಲಿದೆ. ಇಸಿನ್ ನಗರದ ದೊರೆ ಎರ್ರ ಇಮಿತ್ತಿ ತೋಟಗಾರನೊಬ್ಬನನ್ನು ಬದಲಿಯಾಗಿ ಕೂರಿಸಿದ. ಆದರೆ ಬಿಸಿ ಗಂಜಿ ಹೀರುತ್ತ ತಾನೇ ಸತ್ತ. ತೋಟಗಾರ ಎನ್ಲಿಲ್ ಬಾನಿ ಸಿಂಹಾಸನ ಬಿಟ್ಟು ಏಳಲಿಲ್ಲ.

ಉಳಿದದ್ದು

ಮೆಸೊಪೊಟೇಮಿಯದ ಶಕುನಶಾಸ್ತ್ರ ಪರ್ಷಿಯದ ಮೂಲಕ ಭಾರತಕ್ಕೂ ತಲುಪಿತೆಂದು ವಿದ್ವಾಂಸ ಡೇವಿಡ್ ಪಿಂಗ್ರಿ ವಾದಿಸಿದ್ದರು. ಕ್ರಿ.ಶ. 6ನೇ ಶತಮಾನದ ವರಾಹಮಿಹಿರನ ಬೃಹತ್ಸಂಹಿತೆಯಲ್ಲೂ ಉತ್ಪಾತ ಮತ್ತು ಅದಕ್ಕೆ ತಕ್ಕ ಶಾಂತಿ ಜೋಡಿಯಾಗಿಯೇ ಬರುತ್ತವೆ. ಹಲ್ಲಿ ಬಿದ್ದ ಫಲವಂತೂ ಕನ್ನಡದ ಪಂಚಾಂಗಗಳಲ್ಲಿ ಇಂದಿಗೂ ಅಚ್ಚಾಗುತ್ತಿದೆ.

ಗೊಂಬೆ ನದಿಗೆ ಬಿಟ್ಟು ಯಾವ ಆಪತ್ತೂ ತಪ್ಪಿದ್ದಕ್ಕೆ ಆಧಾರವಿಲ್ಲ. ಆದರೆ ಕೇಡಿನ ಭಯದಿಂದ ಶತಮಾನಗಳ ಕಾಲ ಬಿಡದೆ ಆಕಾಶ ನೋಡಿ ಬರೆದಿಟ್ಟಿದ್ದರಿಂದಲೇ ಗ್ರಹಣಗಳು 18 ವರ್ಷ ಮತ್ತು ಸುಮಾರು 11 ದಿನಗಳಿಗೊಮ್ಮೆ ಮರುಕಳಿಸುವ ಲೆಕ್ಕ ಮೆಸೊಪೊಟೇಮಿಯದ ಬಾಬಿಲೋನಿನವರಿಗೆ ಸಿಕ್ಕಿತು. ಕ್ರಿ.ಶ. 2ನೇ ಶತಮಾನದ ಖಗೋಳಜ್ಞ ಟಾಲೆಮಿ ತನ್ನ ಚಂದ್ರಗಣಿತಕ್ಕೆ ಬಳಸಿದ್ದು ಬಾಬಿಲೋನಿನಲ್ಲಿ ಕ್ರಿ.ಪೂ. 721ರಲ್ಲಿ ಕಂಡ ಗ್ರಹಣದ ದಾಖಲೆಯನ್ನು. ಪರಿಹಾರದ ಭಾಗ ಬೆಣೆಲಿಪಿಯೊಂದಿಗೆ ಅಳಿಯಿತು. ನೋಡಿ ಬರೆದಿಟ್ಟ ಭಾಗ ಖಗೋಳಶಾಸ್ತ್ರವಾಗಿ ಬೆಳೆಯಿತು.