ವಾಂಗ್ ಬಿಂಗ್

ವಾಂಗ್ ಬಿಂಗ್ (ಜನನ: 1967) ಚೀನಾದ ಸ್ವತಂತ್ರ ಸಾಕ್ಷ್ಯಚಿತ್ರ ನಿರ್ದೇಶಕರು. ಆರ್ಥಿಕ ಸುಧಾರಣೆಗಳ ಕಾಲದಲ್ಲಿ ಶ್ರಮಜೀವಿಗಳ ಬದುಕಿನಲ್ಲಾದ ಪಲ್ಲಟಗಳು ಇವರ ಚಿತ್ರಗಳ ಮುಖ್ಯ ವಸ್ತು.

ಶಿಕ್ಷಣ

ಶಿಯಾನ್‌ನಲ್ಲಿ ಜನಿಸಿದ ಇವರು ಶೆನ್ಯಾಂಗ್ ನಗರದ ಲು ಶುನ್ ಲಲಿತಕಲಾ ಅಕಾಡೆಮಿಯಲ್ಲಿ ಛಾಯಾಗ್ರಹಣವನ್ನು ಅಭ್ಯಸಿಸಿ, ಅನಂತರ ಬೀಜಿಂಗ್ ಫಿಲ್ಮ್ ಅಕಾಡೆಮಿಯಲ್ಲಿ ವ್ಯಾಸಂಗ ಮಾಡಿದರು.

ಪ್ರಮುಖ ಚಿತ್ರಗಳು

ಮೊದಲ ಚಿತ್ರ 'ಟಿಯೆ ಶಿ ಛು' ಶೆನ್ಯಾಂಗ್‌ನ ಸರ್ಕಾರಿ ಕಾರ್ಖಾನೆಗಳ ಅವಸಾನವನ್ನು ದಾಖಲಿಸುತ್ತದೆ. 1999ರಿಂದ 2001ರವರೆಗೆ ಸಣ್ಣ ಡಿಜಿಟಲ್ ಕ್ಯಾಮೆರಾದಲ್ಲಿ ಚಿತ್ರೀಕರಿಸಿದ ಇದರ ಅವಧಿ 9 ಗಂಟೆಗಳಿಗೂ ಹೆಚ್ಚು. ಇದರಲ್ಲಿ ಮೂರು ಭಾಗಗಳಿವೆ. ಮೊದಲನೆಯದು ಮುಚ್ಚುತ್ತಿರುವ ಲೋಹ ಕರಗಿಸುವ ಘಟಕಗಳನ್ನೂ, ಎರಡನೆಯದು ತೆರವಿಗೆ ಗುರಿಯಾದ ಕಾರ್ಮಿಕರ ವಸತಿಯನ್ನೂ, ಮೂರನೆಯದು ಕಾರ್ಖಾನೆಗಳ ರೈಲು ಮಾರ್ಗವನ್ನು ನೆಚ್ಚಿ ಬದುಕುವ ತಂದೆ-ಮಗನನ್ನೂ ಕುರಿತದ್ದು.

2023ರಲ್ಲಿ ಕಾನ್ ಚಿತ್ರೋತ್ಸವದ ಸ್ಪರ್ಧೆಯಲ್ಲಿದ್ದ 'ಯೂತ್ (ಸ್ಪ್ರಿಂಗ್)' ಇದರ ಮುಂದಿನ ಅಧ್ಯಾಯದಂತಿದೆ. ಝಿಲಿ ಪಟ್ಟಣದ ಖಾಸಗಿ ಹೊಲಿಗೆ ಘಟಕಗಳಿಗೆ ವಲಸೆ ಬಂದ ತರುಣ ತರುಣಿಯರು ಮಕ್ಕಳ ಉಡುಪುಗಳನ್ನು ಹೊಲಿಯುತ್ತಾರೆ. ಉಡುಪೊಂದಕ್ಕೆ ಇಷ್ಟೆಂದು ದೊರೆಯುವ ಕೂಲಿಗಾಗಿ ಮಾಲೀಕರೊಡನೆ ಚೌಕಾಸಿ ಮಾಡುತ್ತಾರೆ.

ಶೈಲಿ

ಈ ಚಿತ್ರಗಳಲ್ಲಿ ಹಿನ್ನೆಲೆಯ ನಿರೂಪಣೆಯಿಲ್ಲ. ಕ್ಯಾಮೆರಾ ಕೆಲಸಗಾರರ ಬಳಿಯಲ್ಲೇ ದೀರ್ಘಕಾಲ ನಿಲ್ಲುತ್ತದೆ. ತೀರ್ಮಾನ ಪ್ರೇಕ್ಷಕರಿಗೆ ಬಿಟ್ಟದ್ದು.