ರಿಪೋರ್ಟಿನಲ್ಲಿ ‘ಮೆನಿಂಜಿಯೋಮಾ’ ಅಂತ ಬಂದ್ರೆ: ಆ ಒಂದು ಸಾಲನ್ನು ಬಿಡಿಸಿ ಓದೋಣ

‘ಎಕ್ಸ್‌ಟ್ರಾ-ಆಕ್ಸಿಯಲ್ ಲೀಷನ್, ಡ್ಯೂರಲ್ ಟೇಲ್ ಇದೆ, ಮೆನಿಂಜಿಯೋಮಾ ಇರಬಹುದು.’ ಮನೆಯಲ್ಲಿ ಯಾರದ್ದಾದರೂ ಎಂಆರ್‌ಐ ರಿಪೋರ್ಟಿನಲ್ಲಿ ಇಂಥ ಸಾಲು ಬಂದರೆ, ಡಾಕ್ಟರ್ ಸಿಗೋ ಮೊದಲೇ ಗೂಗಲ್ ಮಾಡೋದು ಮನೆಯ ಚಿಕ್ಕವರು. ಅಂದ್ರೆ ನಾವು ನೀವು. ನಾನು ಓದಿದ್ದು ಬಿ.ಕಾಂ., ಡಾಕ್ಟರ್ ಅಲ್ಲ. ಆದ್ರೆ ಈ ಸಾಲನ್ನು ಅರ್ಥ ಮಾಡಿಕೊಳ್ಳೋದು ಅಷ್ಟೇನೂ ಕಷ್ಟ ಇಲ್ಲ.

ನಮ್ಮ ಮೆದುಳಿಗೆ ಮೂರು ಪೊರೆಗಳ ಹೊದಿಕೆ ಇದೆ. ಹೊರಗಿನದು ಡ್ಯೂರಾ, ಚರ್ಮದಷ್ಟು ಗಟ್ಟಿ, ತಲೆಬುರುಡೆಯ ಒಳಮೈಗೆ ಹತ್ತಿಕೊಂಡಿರತ್ತೆ. ನಡುವಿನದು ಅರಾಕ್ನಾಯ್ಡ್, ಜೇಡರ ಬಲೆಯಂಥದ್ದು. ಒಳಗಿನದು ಪಯಾ, ತೀರಾ ತೆಳು, ಮೆದುಳಿನ ಮಡಿಕೆ ಮಡಿಕೆಗೂ ಅಂಟಿಕೊಂಡು ಹೋಗತ್ತೆ. ಮೂರಕ್ಕೂ ಸೇರಿ ಮೆನಿಂಜಸ್ ಅಂತ ಹೆಸರು. ನಡುವಿನ ಪೊರೆಯ ಜೀವಕೋಶಗಳು ಲೆಕ್ಕ ತಪ್ಪಿ ಬೆಳೆದು ಗಂಟಾದರೆ ಅದೇ ಮೆನಿಂಜಿಯೋಮಾ. (ಮೆನಿಂಜೈಟಿಸ್ ಬೇರೆ, ಅದು ಇದೇ ಪೊರೆಗಳ ಉರಿಯೂತ. ವಾಟ್ಸಾಪಿನಲ್ಲಿ ಎರಡನ್ನೂ ಕಲಸಿಬಿಡ್ತಾರೆ.)

ಅಂದ್ರೆ ಈ ಗಡ್ಡೆ ಮೆದುಳಿನೊಳಗೆ ಹುಟ್ಟಿದ್ದಲ್ಲ. ಮೆದುಳಿನ ಹೊರಗೆ ಹುಟ್ಟಿ, ಒಳಕ್ಕೆ ಒತ್ತುತ್ತೆ. ‘ಎಕ್ಸ್‌ಟ್ರಾ-ಆಕ್ಸಿಯಲ್’ ಅನ್ನೋ ಪದ ಹೇಳೋದು ಇಷ್ಟೇ. ಲೀಷನ್ ಅಂದ್ರೆ ಅಲ್ಲಿ ಇರಬಾರದ್ದು ಏನೋ ಇದೆ ಅಂತ. ಡ್ಯೂರಲ್ ಟೇಲ್ ಅಂದ್ರೆ ಗಡ್ಡೆಯ ಅಂಚಿನಿಂದ ಪೊರೆಯ ಗುಂಟ ಬಾಲದ ಹಾಗೆ ಚಾಚಿಕೊಂಡ ಗೆರೆ. ಇನ್ನು ‘ಇರಬಹುದು’ ಯಾಕೆ? ಯಾಕಂದ್ರೆ ಸ್ಕ್ಯಾನ್ ಎಷ್ಟೇ ಚೆನ್ನಾಗಿದ್ರೂ ಗಡ್ಡೆಯ ಗ್ರೇಡ್ ಗೊತ್ತಾಗೋದು ಅದರ ತುಣುಕನ್ನು ಮೈಕ್ರೋಸ್ಕೋಪ್ ಕೆಳಗೆ ಇಟ್ಟಾಗಲೇ. ಗ್ರೇಡ್ 1, 2, 3 ಅಂತ ಇವೆ. ಸುಮಾರು 80% ಮೆನಿಂಜಿಯೋಮಾಗಳು ಗ್ರೇಡ್ 1. ಇವು ಕ್ಯಾನ್ಸರ್ ಅಲ್ಲ, ನಿಧಾನಕ್ಕೆ ಬೆಳೀತವೆ. ಗ್ರೇಡ್ 3 ಅಪರೂಪ, ಅದು ಕ್ಯಾನ್ಸರಿನ ಹಾಗೇ ವರ್ತಿಸುತ್ತೆ.

ಈಗ ‘ಬಿನೈನ್’ ಅನ್ನೋ ಪದಕ್ಕೆ ಬರೋಣ. ಕ್ಯಾನ್ಸರ್ ಅಲ್ಲ ಅಂದ ತಕ್ಷಣ ‘ಸದ್ಯ, ಏನೂ ಆಗಲ್ಲ’ ಅಂತ ಫೈಲ್ ಎತ್ತಿಟ್ಟುಬಿಡ್ತೀವಿ. ಆದ್ರೆ ಬುರುಡೆ ಮುಚ್ಚಿದ ಡಬ್ಬಿ, ಹೊಟ್ಟೆಯ ಹಾಗೆ ಹಿಗ್ಗಿ ಜಾಗ ಕೊಡಲ್ಲ. ಹಾಗಾಗಿ ಗಡ್ಡೆ ಎಂಥದ್ದು ಅನ್ನೋದರಷ್ಟೇ ಅದು ಎಲ್ಲಿದೆ ಅನ್ನೋದೂ ಮುಖ್ಯ. ಕಣ್ಣಿನ ನರದ ಪಕ್ಕ ಚಿಕ್ಕದೊಂದು ಇದ್ದರೂ ದೃಷ್ಟಿ ಹೋಗಬಹುದು. ನೆತ್ತಿಯ ಕೆಳಗೆ ನಡುಮಧ್ಯೆ ಇದ್ರೆ ಒಂದು ಕಾಲು ಸೋಲಬಹುದು. ಹಣೆಯ ಹಿಂದಿನದು ತುಂಬಾ ಮೋಸದ್ದು. ವಾಸನೆ ಗೊತ್ತಾಗಲ್ಲ, ಚುರುಕಾಗಿದ್ದವರು ಮಂಕಾಗ್ತಾರೆ, ಸಿಡುಕ್ತಾರೆ. ‘ವಯಸ್ಸಾಯ್ತಲ್ಲ’ ಅಂತ ಮನೆಯವರು ವರ್ಷಗಟ್ಟಲೆ ಸುಮ್ಮನಿರ್ತಾರೆ. ದೊಡ್ಡವರಿಗೆ ಜೀವನದಲ್ಲಿ ಮೊದಲ ಸಲ ಫಿಟ್ಸ್ ಬಂದ್ರಂತೂ ಸ್ಕ್ಯಾನ್ ಬಗ್ಗೆ ಕೇಳಲೇಬೇಕು.

ಒಂದು ಹಳೇ ಕೇಸ್ ಹೇಳ್ತೀನಿ. ಅಮೆರಿಕದ ಜನರಲ್ ಲೆನರ್ಡ್ ವುಡ್. 1910ರಲ್ಲಿ ಹಾರ್ವಿ ಕುಶಿಂಗ್ ಅನ್ನೋ ಸರ್ಜನ್ ಇವರ ತಲೆಯಿಂದ ಇಂಥದ್ದೇ ಗಡ್ಡೆ ತೆಗೆದರು. ಆಮೇಲೆ ವುಡ್ ಅಮೆರಿಕ ಸೇನೆಯ ಮುಖ್ಯಸ್ಥರಾದರು, 1920ರಲ್ಲಿ ರಿಪಬ್ಲಿಕನ್ ಪಕ್ಷದಿಂದ ಅಧ್ಯಕ್ಷ ಸ್ಥಾನದ ಅಭ್ಯರ್ಥಿಯಾಗೋಕೂ ಪ್ರಯತ್ನಪಟ್ಟರು. ಆದ್ರೆ ಗಡ್ಡೆ ಮತ್ತೆ ಬೆಳೀತು. 1927ರಲ್ಲಿ ಕುಶಿಂಗ್ ಅವರಿಂದಲೇ ಮತ್ತೆ ಆಪರೇಷನ್ ಆಯ್ತು, ಅದರ ಬೆನ್ನಲ್ಲೇ ತೀರಿಕೊಂಡರು. ಈ ನಡುವೆ 1922ರಲ್ಲಿ ಗಡ್ಡೆಗೆ ಮೆನಿಂಜಿಯೋಮಾ ಅಂತ ಹೆಸರಿಟ್ಟವರೂ ಕುಶಿಂಗ್ ಅವರೇ. ಹದಿನೇಳು ವರ್ಷ ಒಳ್ಳೇ ಬದುಕು, ಕೊನೆಗೆ ಅದೇ ಗಡ್ಡೆ. ಆಗ ಎಂಆರ್‌ಐ ಇರಲಿಲ್ಲ. ಈಗ ಆಪರೇಷನ್ ಆದಮೇಲೂ ವರ್ಷಾನುಗಟ್ಟಲೆ ಸ್ಕ್ಯಾನ್ ಮಾಡಿಸಿ ಅಂತ ಹೇಳೋದು ಇದಕ್ಕೇ.

ಹಾಗಂತ ಕಂಡಿದ್ದೆಲ್ಲ ಕೊಯ್ಯಬೇಕಿಲ್ಲ. ನೆದರ್ಲೆಂಡ್ಸ್‌ನ ರಾಟರ್‌ಡ್ಯಾಮ್‌ನಲ್ಲಿ 2,000 ಜನರಿಗೆ ಎಂಆರ್‌ಐ ಮಾಡಿ ನೋಡಿದಾಗ (2007ರಲ್ಲಿ ಪ್ರಕಟವಾದ ಅಧ್ಯಯನ) 0.9% ಜನರಲ್ಲಿ ಮೆನಿಂಜಿಯೋಮಾ ಸಿಕ್ಕಿತು. ಚಿಕ್ಕದಾಗಿದ್ದು ತೊಂದರೆ ಕೊಡದಿದ್ದರೆ ಡಾಕ್ಟರ್ ಹೇಳೋದು: ಕಾಯೋಣ, ಆರು ತಿಂಗಳೋ ವರ್ಷವೋ ಬಿಟ್ಟು ಮತ್ತೆ ಸ್ಕ್ಯಾನ್ ಮಾಡೋಣ. ನಮ್ಮ ಸೋದರತ್ತೆಗೆ ಹೇಳಿದ್ದೂ ಇದನ್ನೇ. ‘ತಲೇಲಿ ಗಡ್ಡೆ ಇಟ್ಕೊಂಡು ನಿದ್ದೆ ಮಾಡೋದು ಹೇಗೋ?’ ಅಂತ ನನ್ನನ್ನ ಕೇಳಿದ್ರು. ನನ್ನ ಹತ್ರ ಉತ್ತರ ಇರಲಿಲ್ಲ. ಕಾಯೋದೂ ಟ್ರೀಟ್‌ಮೆಂಟೇ ಅಂತ ಯಾರಾದ್ರೂ ಎರಡು ನಿಮಿಷ ಕೂರಿಸಿಕೊಂಡು ಹೇಳಿದ್ದಿದ್ರೆ ಚೆನ್ನಾಗಿತ್ತು. ಬೆಳೀತಿದ್ರೆ ಸರ್ಜರಿ, ಇಲ್ಲಾ ವಿಕಿರಣ. ಗಾಮಾ ನೈಫ್ ಅಂತಾರಲ್ಲ, ಅದರಲ್ಲಿ ಚಾಕು ಇರಲ್ಲ, ಗುರಿ ಇಟ್ಟ ಗಾಮಾ ಕಿರಣ ಅಷ್ಟೆ. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಇದೆ.

ಫೋನಿಂದ ಬರತ್ತಾ? ಇಲ್ಲಿವರೆಗಿನ ದೊಡ್ಡ ಅಧ್ಯಯನಗಳಲ್ಲಿ ಅಂಥ ನಂಟು ಸಿಕ್ಕಿಲ್ಲ. ತಲೆಗೆ ಹಿಂದೆ ಕೊಟ್ಟ ರೇಡಿಯೇಷನ್ ಚಿಕಿತ್ಸೆಗೆ ಮಾತ್ರ ನಂಟು ಖಚಿತ. ಇದು ಹೆಂಗಸರಲ್ಲೇ ಜಾಸ್ತಿ. ಮೂರು ತಿಂಗಳಿಗೊಮ್ಮೆ ಕೊಡೋ ಗರ್ಭನಿರೋಧಕ ಇಂಜೆಕ್ಷನ್, ನಮ್ಮ ಸರ್ಕಾರಿ ಆಸ್ಪತ್ರೆಗಳಲ್ಲಿ ‘ಅಂತರಾ’ ಅಂತ ಕೊಡ್ತಾರಲ್ಲ, ಅದೇ ಔಷಧಿಯನ್ನು ವರ್ಷಕ್ಕಿಂತ ಹೆಚ್ಚು ಕಾಲ ತಗೊಂಡವರಲ್ಲಿ ಅಪಾಯ ಸುಮಾರು ಐದು ಪಟ್ಟು ಅಂತ 2024ರ ಫ್ರೆಂಚ್ ಅಧ್ಯಯನ ಹೇಳಿತು. ಗಾಬರಿ ಬೇಡ, ಮೂಲ ಅಪಾಯವೇ ತೀರಾ ಕಡಿಮೆ. ನೀವಾಗೇ ನಿಲ್ಲಿಸಬೇಡಿ, ಡಾಕ್ಟರ್ ಹತ್ರ ಕೇಳಿ.

ಕೊನೆಗೆ ನನ್ನ ಸಬ್ಜೆಕ್ಟು, ದುಡ್ಡು. ಕ್ಯಾನ್ಸರ್ ಪಾಲಿಸಿ ಇದ್ರೆ ಗ್ರೇಡ್ 1ಕ್ಕೆ ಕ್ಲೇಮ್ ಸಿಗತ್ತೆ ಅಂತ ಅಂದುಕೊಳ್ಳಬೇಡಿ, ಇದು ಕ್ಯಾನ್ಸರ್ ಅಲ್ವಲ್ಲ. ಕ್ರಿಟಿಕಲ್ ಇಲ್‌ನೆಸ್ ಪಾಲಿಸಿಯಲ್ಲಿ ‘ಬಿನೈನ್ ಬ್ರೈನ್ ಟ್ಯೂಮರ್’ ಅನ್ನೋ ಹೆಸರು ಇದೆಯಾ ನೋಡಿ. ಐಆರ್‌ಡಿಎಐನ ವ್ಯಾಖ್ಯೆಯಲ್ಲಿ ಮೆನಿಂಜಸ್ ಗಡ್ಡೆಯೂ ಸೇರಿದೆ. ಆದ್ರೆ ಷರತ್ತು ಇದೆ: ಸರ್ಜರಿ ಅಥವಾ ರೇಡಿಯೇಷನ್ ಆಗಿರಬೇಕು, ಇಲ್ಲಾ ನರದ ಶಾಶ್ವತ ತೊಂದರೆಯ ಲಕ್ಷಣ ಸತತ 90 ದಿನ ಇರಬೇಕು. ಅಂದ್ರೆ ಬರೀ ಕಾಯ್ತಾ ಇರೋವಾಗ ದುಡ್ಡು ಬರಲ್ಲ. ಬೆನ್ನುಹುರಿಯ ಗಡ್ಡೆ ಅದರಲ್ಲಿ ಸೇರಿಲ್ಲ. ಹೊಸ ಪಾಲಿಸಿ ಮಾಡಿಸೋವಾಗ ಹಳೇ ಎಂಆರ್‌ಐ ವಿಷಯ ಮುಚ್ಚಿಡಬೇಡಿ, ಆಮೇಲೆ ಕ್ಲೇಮ್ ತಿರಸ್ಕರಿಸೋಕೆ ಅದೇ ಕಾರಣ ಆಗಿಬಿಡತ್ತೆ. ಪಾಲಿಸಿಯ ಆ ಪುಟ ಅರ್ಥ ಆಗದಿದ್ರೆ ವಾಯ್ಸ್ ನೋಟ್ ಕಳಿಸಿ, ಮುಂದಿನ ಎಪಿಸೋಡಿನಲ್ಲಿ ಒಟ್ಟಿಗೆ ಓದೋಣ.